ಚಳವಳಿಯ ಡಾಕ್ಯುಮೆಂಟರಿ ಮಾಡ್ತೀರಾ? ಮೆರವಣಿಗೆಗಿಂತ ಮೊದಲು ಸಭೆಗೆ ಹೋಗಿ

ಮೆರವಣಿಗೆ, ಘೋಷಣೆ, ಭಾಷಣ ಇವೆಲ್ಲ ಅಲ್ಲಿ ನಿಂತವರ ಫೋನುಗಳಲ್ಲೇ ಇರುತ್ತವೆ. ನಿಮಗೆ ಬೇಕಾಗಿರುವುದು ಅದಕ್ಕಿಂತ ಹಿಂದಿನ ವಾರ. ಕರಪತ್ರದ ಒಂದು ಸಾಲಿಗೆ ಗಂಟೆಗಟ್ಟಲೆ ನಡೆಯುವ ಜಗಳ, ಬರ್ತೀವಿ ಅಂದವರು ಬಾರದೆ ಖಾಲಿ ಉಳಿದ ಕುರ್ಚಿಗಳು, ಸಹಿ ಕೇಳಿದಾಗ ಅರ್ಧ ತೆರೆದ ಬಾಗಿಲ ಹಿಂದೆ ನಿಂತು ಯೋಚಿಸುವ ಮುಖ. ಚಳವಳಿ ಕಟ್ಟುವ ಕೆಲಸ ನಡೆಯುವುದು ಅಲ್ಲೇ.

ಮೊದಲ ಕೆಲವು ಸಭೆಗಳಿಗೆ ಕ್ಯಾಮೆರಾ ಬೇಡ, ಸುಮ್ನೆ ಹೋಗಿ ಕೂರಿ. ಮುಖಂಡರು ತಾವಾಗಿಯೇ ಬಂದು ಮಾತಾಡುತ್ತಾರೆ, ಕೇಳಿಸಿಕೊಳ್ಳಿ. ಆದರೆ ಮೂಲೆಯಲ್ಲಿ ಕೂತು ಹೆಸರು ಬರೆದುಕೊಂಡು ಒಬ್ಬೊಬ್ಬರಿಗೂ ಫೋನ್ ಮಾಡಿ ಕರೆಯುವವರು ಯಾರು ಅಂತ ನೋಡಿ, ಬಹಳ ಸಲ ಕಥೆ ಇರುವುದು ಅವರ ಬಳಿ.

ಸಂದರ್ಶನದಲ್ಲಿ ‘ಯಾಕೆ ಹೋರಾಡುತ್ತೀರಿ?’ ಅಂತ ಕೇಳಿದರೆ ಭಾಷಣವೇ ಸಿಗುತ್ತದೆ. ‘ನಿನ್ನೆ ಸಭೆ ಮುಗಿಸಿ ತಡವಾಗಿ ಹೋದಾಗ ಮನೆಯಲ್ಲಿ ಏನಂದರು?’ ಅಂತ ಕೇಳಿ. ಉತ್ತರ ಮುಗಿಯಿತು ಅನ್ನಿಸಿದ ಮೇಲೂ ಐದಾರು ಸೆಕೆಂಡ್ ಬಾಯಿ ಬಿಡಬೇಡಿ, ನಿಜವಾದ ಮಾತು ಆಗಲೇ ಬರುವುದು ಜಾಸ್ತಿ.

ಆಡಿಯೋ ಕೆಟ್ಟರೆ ಎಡಿಟಿಂಗ್‌ನಲ್ಲಿ ಸರಿಮಾಡುವುದು ಕಷ್ಟ. ಮುಖ್ಯ ವ್ಯಕ್ತಿಗೆ ಕಾಲರ್ ಮೈಕ್ ಹಾಕಿ, ಮೇಜಿನ ಮಧ್ಯೆ ಒಂದು ರೆಕಾರ್ಡರ್ ಇಡಿ. ರೆಕಾರ್ಡರ್ ಸೆಟ್ಟಿಂಗ್‌ನಲ್ಲಿ ವಿಡಿಯೋಗೆ ಸಾಮಾನ್ಯವಾಗಿ ಬಳಸುವ 48 ಕಿಲೋಹರ್ಟ್ಸ್ ಆರಿಸಿ ರೆಕಾರ್ಡ್ ಮಾಡಿ, ಹೆಡ್‌ಫೋನ್ ತೆಗೆಯಬೇಡಿ. ಹೊರಡುವ ಮುಂಚೆ ಖಾಲಿ ಕೋಣೆಯ ಸದ್ದು ಒಂದರ್ಧ ನಿಮಿಷ ಹಿಡಿದಿಟ್ಟುಕೊಳ್ಳಿ, ಎಡಿಟಿಂಗ್‌ನಲ್ಲಿ ಮಾತಿನ ನಡುವೆ ತುಂಬಲು ಬೇಕಾಗುತ್ತದೆ.

ಇನ್ನು ಒಪ್ಪಿಗೆಯ ವಿಷಯ. ಇಲ್ಲಿ ಅವಸರ ಮಾಡಲೇಬೇಡಿ. ನಿಮ್ಮ ಸಿನಿಮಾದಿಂದ ಯಾರಿಗಾದರೂ ಕೆಲಸ ಹೋಗಬಹುದು, ಕೇಸ್ ಬೀಳಬಹುದು. ಒಂದು ಸಲ ಸಹಿ ಹಾಕಿಸಿಕೊಂಡರೆ ಮುಗಿಯಲಿಲ್ಲ, ಪ್ರತಿ ಸಭೆಯಲ್ಲೂ ಕ್ಯಾಮೆರಾ ಆನ್ ಮಾಡುವ ಮುಂಚೆ ಎಲ್ಲರಿಗೂ ಕೇಳುವಂತೆ ಹೇಳಿ, ಬೇಡ ಅನ್ನುವವರು ಕೂರಲು ಫ್ರೇಮಿಗೆ ಬಾರದ ಒಂದು ಕಡೆ ಬಿಡಿ. ಮುಖ ಮಸುಕು ಮಾಡಿಬಿಟ್ಟರೆ ಸಾಕು ಅಂದುಕೊಳ್ಳಬೇಡಿ, ನಡಿಗೆ, ಅಂಗಿ, ಹಚ್ಚೆ, ಹಿಂದಿನ ಗೋಡೆ, ಇಷ್ಟೇ ಸಾಕು ಪರಿಚಯದವರು ಗುರುತು ಹಿಡಿಯೋದಕ್ಕೆ. ಚಿತ್ರೀಕರಣದ ಹೊತ್ತಲ್ಲೇ ಕೈಗಳನ್ನಷ್ಟೇ ತೋರಿಸಿ, ಇಲ್ಲವೇ ಕಿಟಕಿಗೆ ಬೆನ್ನು ಹಾಕಿ ಕೂರಿಸಿ ನೆರಳಾಗಿ ತೆಗೆಯಿರಿ. ಬದಲಾಯಿಸಿದ ದನಿಯನ್ನು ಮತ್ತೆ ಮೊದಲಿನಂತೆ ಮಾಡಲು ಆಗಬಹುದು, ಹಾಗಾಗಿ ಆ ಮಾತನ್ನು ಬೇರೆಯವರಿಂದ ಓದಿಸಿ.

ಫೋನಿನಲ್ಲಿ ತೆಗೆದ ವಿಡಿಯೋದೊಳಗೆ ಜಾಗದ ವಿವರವೂ ಸೇರಿಕೊಳ್ಳಬಹುದು, ಕ್ಯಾಮೆರಾ ಸೆಟ್ಟಿಂಗ್ಸ್‌ನಲ್ಲಿ ಲೊಕೇಶನ್ ಆಫ್ ಮಾಡಿ. ಹಾರ್ಡ್ ಡಿಸ್ಕ್‌ಗೆ ಪಾಸ್‌ವರ್ಡ್ ಹಾಕಿ ಎನ್‌ಕ್ರಿಪ್ಟ್ ಮಾಡಿ, ಮೂರು ಪ್ರತಿ ಮಾಡಿ, ಅದರಲ್ಲಿ ಒಂದು ಬೇರೆ ಮನೆಯಲ್ಲಿರಲಿ. ಚಿತ್ರದಲ್ಲಿರುವವರ ಹೆಸರುಗಳ ಪಟ್ಟಿಯನ್ನು ಈ ಪ್ರತಿಗಳ ಜೊತೆ ಇಡಬೇಡಿ.

ಚಳವಳಿ ನಿಮಗೆ ಎಷ್ಟೇ ಇಷ್ಟವಾಗಿದ್ದರೂ ಒಳಜಗಳವನ್ನು ಕತ್ತರಿಸಬೇಡಿ, ಆರೋಪಗಳಿಗೆ ದಾಖಲೆ ಹುಡುಕಿ, ಆರೋಪ ಹೊತ್ತವರನ್ನೂ ಕೇಳಿ. ಎಡಿಟ್ ಅಂತಿಮವಾಗುವ ಮುಂಚೆ ಚಿತ್ರದಲ್ಲಿರುವವರಿಗೆ ತೋರಿಸಿ. ತಪ್ಪು ಮಾಹಿತಿ ಇದ್ದರೆ, ಯಾರಿಗಾದರೂ ಅಪಾಯ ಆಗುವಂತಿದ್ದರೆ ಬದಲಾಯಿಸುತ್ತೇನೆ, ಉಳಿದದ್ದು ನನ್ನ ತೀರ್ಮಾನ ಅಂತ ಆ ದಿನಕ್ಕೆ ಕಾಯದೆ ಶುರುವಿನಲ್ಲೇ ಹೇಳಿಬಿಡಿ.