ಹೇಬಿಯಸ್ ಕಾರ್ಪಸ್‌ಗೆ ಮೊದಲು ಆರು ಸಾಲಿನ ಇ-ಮೇಲ್: ನನ್ನ ಅನುಭವ

ಬಂಧನ ತೋರಿಸದೆ ಠಾಣೆಯಲ್ಲಿ ಕೂರಿಸಿಕೊಂಡವನನ್ನು ಬಿಡಿಸಲು ಹೇಬಿಯಸ್ ಕಾರ್ಪಸ್ (ಅಕ್ರಮವಾಗಿ ಹಿಡಿದಿಟ್ಟವರನ್ನು ಕೋರ್ಟಿನ ಮುಂದೆ ತರಿಸಲು ಹೈಕೋರ್ಟಿಗೆ ಸಲ್ಲಿಸುವ ಅರ್ಜಿ) ಹಾಕಿದರೆ, ಅದು ವಿಚಾರಣೆಗೆ ಬರುವ ಹೊತ್ತಿಗೆ ಪೊಲೀಸರು ಅಂದೇ ಬಂಧಿಸಿದಂತೆ ತೋರಿಸಿ, ಮ್ಯಾಜಿಸ್ಟ್ರೇಟರಿಂದ ರಿಮ್ಯಾಂಡ್, ಅಂದರೆ ಅವನನ್ನು ಬಂಧನದಲ್ಲೇ ಇಡುವ ಆದೇಶ, ಪಡೆದಿರುತ್ತಾರೆ. ರಿಮ್ಯಾಂಡ್ ಆದೇಶವಾದ ಮೇಲೆ ಅರ್ಜಿ ಸಾಮಾನ್ಯವಾಗಿ ನಿಲ್ಲುವುದಿಲ್ಲವೆಂದು ಸುಪ್ರೀಂ ಕೋರ್ಟ್ 2012ರ ಮನುಭಾಯಿ ಪಟೇಲ್ ಪ್ರಕರಣದಲ್ಲಿ ಹೇಳಿರುವುದರಿಂದ, ಸರ್ಕಾರಿ ವಕೀಲರು ಅದನ್ನು ತಿಳಿಸುವ ಒಂದು ಪುಟ್ಟ ಮೆಮೊದಲ್ಲಿ ಎಲ್ಲವೂ ಮುಗಿಯುತ್ತದೆ. ನನ್ನ ಮೊದಲ ಮೂರು ಅರ್ಜಿಗಳು ಹಾಗೆಯೇ ಮುಗಿದವು.

ಮೊದಲನೆಯದರಲ್ಲಿ ತಪ್ಪು ನನ್ನದೇ. ತುರ್ತು ಪರಿಸ್ಥಿತಿಯ ಬಂಧನಗಳ ಕುರಿತ 1976ರ ಜಬಲ್ಪುರ ಪ್ರಕರಣದ ನ್ಯಾಯಮೂರ್ತಿ ಎಚ್.ಆರ್. ಖನ್ನಾ ಅವರ ಭಿನ್ನ ತೀರ್ಪನ್ನು ನಾಲ್ಕು ಪುಟ ಎತ್ತಿ ಬರೆದಿದ್ದೆ. ಹುಡುಗನನ್ನು ಕರೆದೊಯ್ದ ವೇಳೆಯನ್ನು ಮಾತ್ರ ‘ಸಂಜೆಯ ಸುಮಾರಿಗೆ’ ಎಂದು ಬಿಟ್ಟಿದ್ದೆ. ಪೀಠ ಮೊದಲು ಕೇಳಿದ್ದೇ ಅದನ್ನು. ಧಾರವಾಡದ ಹೈಕೋರ್ಟ್ ಪೀಠಕ್ಕೆ ಎರಡು ಸಲ ಕಾರು, ಟೈಪಿಂಗ್, ಜೆರಾಕ್ಸ್ ಸೇರಿ ಹನ್ನೊಂದು ಸಾವಿರದಷ್ಟು ಖರ್ಚಾಗಿತ್ತು. ಅರ್ಧವೂ ಕೈಗೆ ಬರಲಿಲ್ಲ, ಕೇಳಲು ನನಗೆ ಮುಖವೂ ಇರಲಿಲ್ಲ.

ಈಗ ಮನೆಯವರು ಬಂದ ಕೂಡಲೇ ನಾನು ಅರ್ಜಿ ಬರೆಯಲು ಕೂರುವುದಿಲ್ಲ. ಠಾಣಾಧಿಕಾರಿ, ಎಸ್‌ಪಿ ಹಾಗೂ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಆರು ಸಾಲಿನ ಇ-ಮೇಲ್ ಕಳಿಸುತ್ತೇನೆ: ಯಾರನ್ನು, ಎಲ್ಲಿಂದ, ಎಷ್ಟು ಗಂಟೆಗೆ, ಯಾವ ವಾಹನದಲ್ಲಿ ಕರೆದೊಯ್ದಿದ್ದಾರೆ, ಬಂಧನವಾಗಿದ್ದರೆ ಕಾರಣಗಳನ್ನು ಬರವಣಿಗೆಯಲ್ಲಿ ಕೊಡಿ, ಠಾಣೆಯ ಸಿಸಿಟಿವಿ ದೃಶ್ಯಗಳನ್ನು ಅಳಿಸಬೇಡಿ. ಕೊನೆಯ ಸಾಲಿಗೆ, ಠಾಣೆಗಳಲ್ಲಿ ಸಿಸಿಟಿವಿ ಇರಬೇಕು, ದೃಶ್ಯಗಳನ್ನು ಉಳಿಸಿಡಬೇಕು ಎಂದ ಸುಪ್ರೀಂ ಕೋರ್ಟಿನ 2020ರ ಪರಮ್‌ವೀರ್ ಸಿಂಗ್ ಸೈನಿ ತೀರ್ಪು ಸಾಕು. ಪೊಲೀಸರಿಗೆ ಮೊದಲೇ ಸುಳಿವು ಕೊಡುವ ವಕೀಲನನ್ನು ಇಲ್ಲೇ ಕಂಡಿದ್ದು ಎಂದು ವಕೀಲರ ಸಂಘದ ಕೊಠಡಿಯಲ್ಲಿ ನಕ್ಕವರಿದ್ದಾರೆ. ಸುಳಿವು ಸಿಕ್ಕಿ ರಾತ್ರಿಯೇ ಬಿಟ್ಟು ಕಳಿಸಿದರೆ ಕಕ್ಷಿದಾರನಿಗೆ ಅದಕ್ಕಿಂತ ಬೇರೇನು ಬೇಕು? ನಷ್ಟವೇನಿದ್ದರೂ ನನಗೆ, ‘ಬರೀ ಒಂದು ಮೇಲ್‌ಗೆ ಎಷ್ಟು ಕೊಡಬೇಕು ಸಾರ್’ ಎಂಬ ಪ್ರಶ್ನೆಯನ್ನು ಏಳೆಂಟು ಸಲ ಕೇಳಿದ್ದೇನೆ.

ಕಳೆದ ವರ್ಷ ಒಬ್ಬ ಗ್ಯಾರೇಜ್ ಹುಡುಗನನ್ನು ಮಂಗಳವಾರ ಬೆಳಿಗ್ಗೆ ಹತ್ತೂವರೆಗೆ ಕರೆದೊಯ್ದರು. ಮಧ್ಯಾಹ್ನ ಒಂದೂ ನಲವತ್ತಕ್ಕೆ ನನ್ನ ಇ-ಮೇಲ್ ಹೋಯಿತು. ರಾತ್ರಿ ಅವನ ತಾಯಿ ರೊಟ್ಟಿ, ಪುಂಡಿಪಲ್ಯ ಕಟ್ಟಿಕೊಂಡು ಹೋದರು. ಮುಚ್ಚಳದ ಮೇಲೆ ಹೆಸರು ಕೊರೆಸಿದ ಸ್ಟೀಲ್ ಡಬ್ಬಿ ಒಳಗೆ ಹೋಗಿ, ಬೆಳಿಗ್ಗೆ ಆರಕ್ಕೆ ಖಾಲಿಯಾಗಿ ಹೊರಬಂತು. ಇದನ್ನೂ ಅಫಿಡವಿಟ್‌ನಲ್ಲಿ ಬರೆಸಿ, ಬುಧವಾರ ಬೆಳಿಗ್ಗೆ ಇ-ಫೈಲ್ ಮಾಡಿ, ಅಂದೇ ಕೈಗೆತ್ತಿಕೊಳ್ಳುವಂತೆ ಧಾರವಾಡದ ಗೆಳೆಯರಿಂದ ಪೀಠದ ಮುಂದೆ ಮೆನ್ಷನ್ ಮಾಡಿಸಿದೆ. ಮಧ್ಯಾಹ್ನ ಪ್ರಕರಣ ಕರೆದಾಗ, ಅಂದು ಹನ್ನೆರಡಕ್ಕೆ ಬಂಧಿಸಲಾಗಿದೆ ಎಂಬ ಉತ್ತರ ಬಂತು. ಹಿಂದಿನ ದಿನದ ಇ-ಮೇಲ್ ನೋಡಿದ ಪೀಠ, ಮರುದಿನ ಠಾಣಾ ಡೈರಿ ಮತ್ತು ಸಿಸಿಟಿವಿ ದೃಶ್ಯಗಳನ್ನು ತರಲು ಹೇಳಿತು.

ಆದರೆ ನಿಜವಾಗಿ ಗೆದ್ದದ್ದು ಅಂದು ಸಂಜೆ, ಊರಿನ ಮ್ಯಾಜಿಸ್ಟ್ರೇಟರ ಮುಂದೆ. ನನ್ನ ಜೂನಿಯರ್ ಅದೇ ಇ-ಮೇಲ್ ಮತ್ತು ಅಫಿಡವಿಟ್‌ನ ಪ್ರತಿಗಳನ್ನು ಹಾಜರುಪಡಿಸಿ, ಬಂಧಿತನನ್ನು ಮ್ಯಾಜಿಸ್ಟ್ರೇಟರ ಮುಂದೆ ತರಬೇಕಾದ 24 ಗಂಟೆ ಬೆಳಿಗ್ಗೆ ಹತ್ತೂವರೆಗೇ ಮುಗಿದಿದೆ ಎಂದಳು. ಮ್ಯಾಜಿಸ್ಟ್ರೇಟರು ರಾತ್ರಿ ಎಲ್ಲಿ ಮಲಗಿದ್ದೆ ಎಂದು ಹುಡುಗನನ್ನೇ ಕೇಳಿದರು; ರಿಮ್ಯಾಂಡ್ ನಿರಾಕರಿಸಿದರು.

ಬೇರೆ ದಾರಿಗಳನ್ನೂ ನೋಡಿದ್ದೇನೆ. ವ್ಯಕ್ತಿಸ್ವಾತಂತ್ರ್ಯದ ವಿಷಯವಾದರೆ 48 ಗಂಟೆಯಲ್ಲಿ ಉತ್ತರಿಸಬೇಕೆಂಬ ಮಾಹಿತಿ ಹಕ್ಕಿನ ನಿಯಮ ನಂಬಿ, ಠಾಣೆಯ ಸಿಸಿಟಿವಿ ದೃಶ್ಯ ಕೇಳಿ ಅರ್ಜಿ ಹಾಕಿದೆ. ಉತ್ತರ ಬಂದದ್ದು ಹದಿನೇಳನೆಯ ದಿನವೋ ಏನೋ, ಕ್ಯಾಮೆರಾ ಕೆಟ್ಟಿದೆ ಎಂದು. ನಾಗರಿಕ ಸುರಕ್ಷಾ ಸಂಹಿತೆಯ 100ನೇ ಕಲಮಿನಡಿ, ಅಕ್ರಮವಾಗಿ ಕೂಡಿಹಾಕಿದವರನ್ನು ಹುಡುಕುವ ಶೋಧನಾ ವಾರಂಟ್ ಸಹ ಒಮ್ಮೆ ಕೇಳಿದೆ. ಅದನ್ನು ಜಾರಿ ಮಾಡಬೇಕಾದವರು ಅದೇ ಠಾಣೆಯವರಾದ್ದರಿಂದ ಅವರು ಹೋಗುವಷ್ಟರಲ್ಲಿ ಕೋಣೆ ಖಾಲಿ.

ಯಾವ ಠಾಣೆಯಲ್ಲಿ ಕೂರಿಸಿದ್ದಾರೆಂದು ಗಂಟೆಯೊಳಗೆ ಹೇಗೆ ತಿಳಿಯುತ್ತೇನೆ ಎಂಬುದನ್ನು ಮಾತ್ರ ಬರೆಯಲಾರೆ; ಬರೆದರೆ ಆ ಬಾಗಿಲೂ ಮುಚ್ಚುತ್ತದೆ. ಪರಿಹಾರದ ಅರ್ಜಿ ಹಾಕೋಣವೆಂದರೆ ಆ ತಾಯಿ ಬೇಡವೆಂದರು. ಒಪ್ಪಿದ್ದ ಹದಿನೈದು ಸಾವಿರದಲ್ಲಿ ಒಂಬತ್ತು ಬಂದಿದೆ. ಉಳಿದ ಲೆಕ್ಕಕ್ಕೆ ಹುಡುಗ ನನ್ನ ಬೈಕನ್ನು ಎರಡು ಸಲ ಸರ್ವೀಸ್ ಮಾಡಿಕೊಟ್ಟಿದ್ದಾನೆ.