ಏರೋಜೆಲ್ ಬಿರುಕುಬಿಡುವುದನ್ನು ತಡೆದ ಕ್ರಮ

ಏರೋಜೆಲ್ (ಜೆಲ್‌ನ ದ್ರವ ಹೋಗಿ ಆ ಜಾಗದಲ್ಲಿ ಗಾಳಿ ತುಂಬಿದ, ತೀರಾ ಹಗುರವಾದ ಘನವಸ್ತು) ಮಾಡಲೆಂದು ಎಥನಾಲ್ ತುಂಬಿದ ಸಿಲಿಕಾ ಜೆಲ್ಲನ್ನು ಒಣಗಿಸಿದಾಗಲೆಲ್ಲ ಅದು ಕುಗ್ಗಿ, ಬಿರುಕುಬಿಟ್ಟು ಚೂರಾಗುತ್ತಿತ್ತು. ಮುಚ್ಚಳಕ್ಕೆ ಸಣ್ಣ ರಂಧ್ರವಿಟ್ಟು ಎರಡು ವಾರ ಆರಿಸಿದ್ದಾಗಲಿ, ಜೆಲ್ಲನ್ನು ಹೆಚ್ಚು ದಿನ ಮಾಗಿಸಿದ್ದಾಗಲಿ ಫಲಿಸಲಿಲ್ಲ. ಏಕೆಂದರೆ ದ್ರವ ಆವಿಯಾಗುವಾಗ ಸೂಕ್ಷ್ಮರಂಧ್ರಗಳಲ್ಲಿ ಹುಟ್ಟುವ ಮೇಲ್ಮೈ ಎಳೆತವೇ ಅವುಗಳ ಗೋಡೆಗಳನ್ನು ಕುಸಿಯುವಂತೆ ಮಾಡುತ್ತದೆ. ಇಂಗಾಲದ ಡೈಆಕ್ಸೈಡ್ ಸುಮಾರು 31 ಡಿಗ್ರಿ ಸೆಲ್ಸಿಯಸ್ ಮತ್ತು 74 ಬಾರ್ ಒತ್ತಡ (ಒಂದು ಬಾರ್ ಎಂದರೆ ಸುಮಾರು ವಾತಾವರಣದ ಒತ್ತಡದಷ್ಟು) ದಾಟಿದರೆ ದ್ರವ, ಅನಿಲ ಎಂಬ ಭೇದವೇ ಅಳಿದು ಈ ಎಳೆತ ಇಲ್ಲವಾಗುತ್ತದೆ. ಆದರೆ ಜೆಲ್‌ನಲ್ಲಿನ ಎಥನಾಲ್ ಬದಲಿಗೆ ಇದನ್ನು ತುಂಬಿ ಒಣಗಿಸುವ ವಿಧಾನದಲ್ಲೂ ನನ್ನ ಮೊದಲ ಮೂರು ಪ್ರಯತ್ನಗಳು ಕೆಟ್ಟವು.

ತಪ್ಪು ಎರಡು ಕಡೆ ಇತ್ತು. ಜೆಲ್‌ನೊಳಗೆ ಎಥನಾಲ್ ಉಳಿದಿತ್ತು. ಒತ್ತಡ ಇಳಿಸುವಾಗ ಅನಿಲ ಹಿಗ್ಗಿ ತಣ್ಣಗಾಗಿ, ಪಾತ್ರೆಯ ಉಷ್ಣತೆ 31 ಡಿಗ್ರಿಗಿಂತ ಕೆಳಗಿಳಿದು ಮತ್ತೆ ದ್ರವ ಮೂಡುತ್ತಿತ್ತು. ಈಗ ನಾನು ಅಧಿಕ ಒತ್ತಡಕ್ಕೆಂದೇ ಪರೀಕ್ಷಿಸಿದ ಪಾತ್ರೆಯಲ್ಲಿ (ಬೇರೆ ಪಾತ್ರೆ ಸ್ಫೋಟಿಸಬಹುದು) 15 ಡಿಗ್ರಿ, 60 ಬಾರ್‌ನಲ್ಲಿ ದ್ರವರೂಪದ ಇಂಗಾಲದ ಡೈಆಕ್ಸೈಡ್ ತುಂಬಿ, ಎರಡು ದಿನಗಳಲ್ಲಿ ಆರು ಬಾರಿ ಅದನ್ನು ಬದಲಿಸುತ್ತೇನೆ. ಹೊರಬರುವ ಅನಿಲದಲ್ಲಿ ಎಥನಾಲ್ ಹನಿ ಕಾಣದಿದ್ದ ಮೇಲಷ್ಟೇ 45 ಡಿಗ್ರಿ, 100 ಬಾರ್‌ಗೆ ಏರಿಸಿ ಎರಡು ಗಂಟೆ ಬಿಡುತ್ತೇನೆ. ನಂತರ ಹೀಟರ್ ಆರಿಸದೆ, ಉಷ್ಣತೆ 40ಕ್ಕಿಂತ ಕೆಳಗಿಳಿಯದಂತೆ ನೋಡಿಕೊಂಡು, ನಿಮಿಷಕ್ಕೆ ಅರ್ಧ ಬಾರ್‌ನಂತೆ ಒತ್ತಡ ಇಳಿಸುತ್ತೇನೆ. ಹೀಗೆ ಮಾಡಿದ ನಾಲ್ಕು ತುಂಡುಗಳೂ ಇಡಿಯಾಗಿ ಉಳಿದಿವೆ.