ಸ್ಪೆಕ್ಟ್ರಮ್‌ನಲ್ಲಿ ಮದುವೆ ಕ್ಯಾಸೆಟ್ಟಿನ ಟೈಟಲ್: ನನ್ನ ಅನುಭವ

'ಅಮಿಗಾ ಕಂಪ್ಯೂಟರ್ ಇಲ್ಲದೆ ಆಗೋ ಕೆಲಸ ಅಲ್ಲ' ಅಂದವರೇ ಎಲ್ಲ. 80ರ ದಶಕದ ಕೊನೆಯಲ್ಲಿ ಶಿವಮೊಗ್ಗ ಕಡೆಯ ಮದುವೆ ವಿಡಿಯೊಗಳಿಗೆ ಓಡಾಡುವ ಟೈಟಲ್ ಮಾಡಿದ್ದು 48 ಕೆಬಿ ಮೆಮೊರಿಯ ನನ್ನ ಪುಟ್ಟ ಹೋಮ್ ಕಂಪ್ಯೂಟರ್ ಸ್ಪೆಕ್ಟ್ರಮ್ಮೇ.

ಇಂಗ್ಲೆಂಡಿನಿಂದ ಬಂದ ಮಷೀನು ಯುಎಚ್‌ಎಫ್ 36ನೇ ಚಾನೆಲ್‌ನಲ್ಲಿ ಚಿತ್ರ ಕೊಡುತ್ತದೆ. ನಮ್ಮನೆ ಟಿವಿ ಹಿಡಿಯುತ್ತಿದ್ದದ್ದು ಅದಕ್ಕಿಂತ ಕೆಳಗಿನ ವಿಎಚ್‌ಎಫ್ ಚಾನೆಲ್ ಮಾತ್ರ. ಚಿತ್ರವನ್ನು ಟಿವಿ ಚಾನೆಲ್‌ಗೆ ಏರಿಸುವ ಮಾಡ್ಯುಲೇಟರ್ ಬಿಟ್ಟು, ಅದಕ್ಕೆ ಮುಂಚಿನ ಕಾಂಪೊಸಿಟ್ ವಿಡಿಯೊ ಸಿಗ್ನಲನ್ನೇ ಹೊರಗೆ ತಂದೆ. ಆಮೇಲೆ ಸೂಪರ್ 8 ಫಿಲ್ಮ್ ಕ್ಯಾಮೆರಾ ಬಾಡಿಗೆಗೆ ತಂದು ಪರದೆಯನ್ನೇ ಶೂಟ್ ಮಾಡಿದೆ. ಚಿತ್ರದ ಮೇಲೆಲ್ಲ ಕಪ್ಪು ಪಟ್ಟಿ! ರೀಲು, ಡೆವಲಪಿಂಗ್ ಸೇರಿ ಐದಾರುನೂರು ರೂಪಾಯಿ ನೀರುಪಾಲು. ಕೊನೆಗೆ ಅದೇ ಸಿಗ್ನಲನ್ನು ನೇರ ವಿಡಿಯೊ ರೆಕಾರ್ಡರ್‌ಗೆ (ವಿಸಿಆರ್) ಕೊಟ್ಟೆ. ಎರಡೂ ಪಾಲ್ ಅನ್ನೋ ಒಂದೇ ಬಣ್ಣದ ಪದ್ಧತಿಯವು, ಬಣ್ಣ ಸರಿಯಾಗಿ ಬಂತು.

ಇನ್ನು ಮೆಮೊರಿ. ಒಂದು ಸ್ಕ್ರೀನ್‌ಗೆ ಬಣ್ಣ ಸೇರಿ 6912 ಬೈಟು. ಪೂರ್ತಿ ಸ್ಕ್ರೀನ್‌ಗಳನ್ನೇ ಇಟ್ಟರೆ ಐದಕ್ಕೆ ಜಾಗ ಮುಗಿಯುತ್ತದೆ. ಪ್ರೊಸೆಸರ್‌ನ ನಕಲು ಆದೇಶ ಎಲ್‌ಡಿಐಆರ್‌ನಲ್ಲಿ ಒಂದನ್ನು ನಕಲು ಮಾಡಲು ಎರಡು ಟಿವಿ ಫ್ರೇಮ್‌ಗಿಂತ (ಸೆಕೆಂಡಿಗೆ ಇಂಥವು 50) ಜಾಸ್ತಿ ಹೊತ್ತು, ಚಿತ್ರ ನಡುವೆ ಹರಿದು ಕಾಣುತ್ತದೆ. ಅದಕ್ಕೇ ಬದಲಾದ ಬೈಟುಗಳನ್ನಷ್ಟೇ ಇಟ್ಟೆ. ಹಾಲ್ಟ್ ಆದೇಶ ಕೊಟ್ಟು, ಪ್ರತಿ ಫ್ರೇಮ್ ಶುರುವಾಗುವಾಗ ಬರುವ ಇಂಟರಪ್ಟ್ ಸೂಚನೆಗೆ ಕಾದು ಬರೆಯುವುದು. ನಾಲ್ಕು ಟಿವಿ ಫ್ರೇಮ್‌ಗೆ ಒಂದು ಚಿತ್ರ, ಅಂದರೆ ಸೆಕೆಂಡಿಗೆ ಹನ್ನೆರಡರಷ್ಟು. ಎರಡು ಸಲ ಮಾಡಿದರೆ ಮೊದಲಿನಂತೇ ಆಗುವ ಎಕ್ಸ್‌ಓಆರ್ ಲೆಕ್ಕದಲ್ಲಿ ಬರೆದರೆ ಅದೇ ಡೇಟಾ ಹಿಂದಕ್ಕೂ ಓಡುತ್ತದೆ. ಅರಳಿದ ತಾವರೆ ಮುಚ್ಚಿಕೊಳ್ಳುವುದು ಪುಕ್ಕಟೆ!

ಕನ್ನಡ ಅಕ್ಷರಕ್ಕೆ 21 ಯುಡಿಜಿ (ನಾವೇ ಬಿಡಿಸಿಕೊಳ್ಳುವ ಅಕ್ಷರ) ಎಲ್ಲಿ ಸಾಕು? ಒತ್ತಕ್ಷರಗಳೇ ಅದಕ್ಕಿಂತ ಜಾಸ್ತಿ. ಎಲ್ಲವನ್ನೂ ಗ್ರಾಫ್ ಹಾಳೆಯಲ್ಲಿ ಬರೆದು ಬೈಟು ಲೆಕ್ಕ ಹಾಕಿದೆ. ನನ್ನ 'ಶ್ರೀ' ನೋಡಿದವರು ಸೈನ್‌ಬೋರ್ಡ್ ಪೇಂಟರ್ ಬರೆದದ್ದು ಅಂದುಕೊಂಡಿದ್ದರು. ಸ್ಪೆಕ್ಟ್ರಮ್‌ನಲ್ಲಿ 8x8 ಚುಕ್ಕೆಗಳ ಒಂದು ಚೌಕಕ್ಕೆ ಎರಡೇ ಬಣ್ಣ ಅನ್ನೋ ತಾಪತ್ರಯ ಬೇರೆ. ಓಡುವುದನ್ನೆಲ್ಲ ಕಪ್ಪಿನ ಮೇಲೆ ಒಂದೇ ಬಣ್ಣದಲ್ಲಿ ಇಟ್ಟೆ. ಹೆಸರು ಬಂದು ನಿಂತ ಮೇಲೆ 768 ಬಣ್ಣದ ಬೈಟುಗಳನ್ನು ಮಾತ್ರ ಕುಣಿಸಿದೆ. ಹೆಸರಿನ ಮೇಲೆ ಚಿನ್ನದ ಮೆರುಗು ಓರೆಯಾಗಿ ಹಾಯುತ್ತಿತ್ತು, ಅದು ಹೇಗೆ ಅಂತ ಈಗಲೂ ಹೇಳುವುದಿಲ್ಲ.

ಕರೆಂಟ್ ಹೋದರೆ ಮತ್ತೆ ಕ್ಯಾಸೆಟ್‌ನಿಂದ ಲೋಡ್, ಐದು ನಿಮಿಷ. ವಿಡಿಯೊದವರು ಬಾಗಿಲಲ್ಲಿ ನಿಂತು ಗಡಿಯಾರ ನೋಡುತ್ತಿದ್ದರು.

ಸೆಕೆಂಡ್ ಹ್ಯಾಂಡ್ ಮಷೀನಿಗೆ ಕೊಟ್ಟದ್ದು ನಾಲ್ಕೈದು ಸಾವಿರ. ಟೈಟಲ್‌ಗೆ 150 ರೂಪಾಯಿ. ಎರಡು ಮದುವೆ ಸೀಸನ್‌ಗೆ ಅಸಲು ಬಂತು. ಸುಮ್ನೆ ಇರಲಾರದೆ ಬಾರ್ಡರ್ (ಚಿತ್ರದ ಸುತ್ತಲಿನ ಅಂಚು) ಬಣ್ಣ ಬದಲಿಸುವ ಪೋರ್ಟ್ 254ಕ್ಕೆ ಬೇರೆ ಬೇರೆ ಬಣ್ಣ ಕಳಿಸಿ ಅದಕ್ಕೆ ಪಟ್ಟೆ ಹಾಕಿ ನೋಡಿದೆ, ಸೀರೆ ಅಂಚಿನ ಹಾಗೆ. ಪ್ರೊಸೆಸರ್ ಸಮಯ ಪೂರ್ತಿ ಅದಕ್ಕೇ ಹೋಗಿ ಒಳಗಿನ ಚಿತ್ರ ನಿಂತುಬಿಡುತ್ತಿತ್ತು. ಆದರೂ ಹುಡುಗಿ ಮನೆಯವರಿಗೆ ಅದೇ ಇಷ್ಟ. ಅದಕ್ಕೆ 25 ರೂಪಾಯಿ ಜಾಸ್ತಿ ತಗೊಂಡೆ.